ನೂಲಿನಲ್ಲಿ ತೂಗಿದ ನೆಲ್ಲಿ

ನವೆಂಬರ್ 2, 2025, ಭಾನುವಾರ. ಬೆಳಿಗ್ಗೆ ಮೋಡ ಕವಿದಿತ್ತು. ಒಂದೆರಡು ಹನಿ ಬಿದ್ದು, ನೆಲ ತೊಯ್ಯುವ ಮೊದಲೇ ನಿಂತವು. ಹತ್ತು ಗಂಟೆಯ ನಂತರ ಬಿಸಿಲು ಬಂತು. ಮಧ್ಯಾಹ್ನ ಮೂಡಣ ಗಾಳಿ ಎದ್ದಿತು, ಸಂಜೆಯವರೆಗೂ ಬಿಡಲಿಲ್ಲ. ಗಾಳಿಯ ಸಂಗತಿಯನ್ನು ಇಷ್ಟು ಮುತುವರ್ಜಿಯಿಂದ ಬರೆದಿಡಲು ಕಾರಣವಿದೆ. ಅಂದು ಜಮಖಂಡಿಯ ನಮ್ಮ ಓಣಿಯಲ್ಲಿ ತುಳಸಿ ಲಗ್ನ. ಗಾಳಿ ಬೀಸದೆ ಹೋಗಿದ್ದರೆ ನಮ್ಮ ನೆರೆಯವರಾದ ಪ್ರಭುಲಿಂಗಪ್ಪ ಆಲಬಾಳರ ಮರ್ಯಾದೆ ಇನ್ನೊಂದು ವರ್ಷವಾದರೂ ಬಾಳುತ್ತಿತ್ತು.

ಪ್ರಭುಲಿಂಗಪ್ಪನವರು ಸಾವಳಗಿಯ ಕಡೆ ಕಬ್ಬಿನ ಒಕ್ಕಲುತನ ಮಾಡಿದವರು. ಅರವತ್ತು ದಾಟಿದ ಮೇಲೆ ಹೊಲವನ್ನು ತಮ್ಮಂದಿರಿಗೆ ಒಪ್ಪಿಸಿ, ಜಮಖಂಡಿಯಲ್ಲಿ ಪ್ಲಾಟು ಕೊಂಡು, ಮನೆ ಕಟ್ಟಿಸಿ, ಹೆಂಡತಿ ಶಿವವ್ವನವರೊಂದಿಗೆ ಬಂದು ನೆಲೆಸಿದರು. ಇಸ್ತ್ರಿ ಮಾಡಿದ ಧೋತರ, ಇಸ್ತ್ರಿ ಮಾಡಿದ ಅಂಗಿ, ಇಸ್ತ್ರಿ ಮಾಡಿದ ಮುಖ. ಓಣಿಯವರು ಅವರನ್ನು ಸಾವುಕಾರ್ರು ಎನ್ನುತ್ತಾರೆ. ಎನ್ನದವರಿಗೆ ಅವರೇ ಒಂದೆರಡು ಸಲ ನೆನಪು ಮಾಡಿಕೊಡುತ್ತಾರೆ.

ಅವರ ಬದುಕಿನ ಸೂತ್ರ ಒಂದೇ. ಕೈ ಯಾವಾಗಲೂ ಮೇಲಿರಬೇಕು, ಕೆಳಗಿರಬಾರದು. ಅಂದರೆ ಕೊಡಬೇಕು, ಬೇಡಬಾರದು. ಕೊಟ್ಟದ್ದನ್ನು ಜನ ಮರೆಯಬಾರದೆಂದು ಅದರ ಮೇಲೆ ಹೆಸರು ಬರೆಸುತ್ತಾರೆ. ಓಣಿಯ ಸಮುದಾಯ ಭವನಕ್ಕೆ ಅವರು ಕೊಟ್ಟ ಪಂಖಾದ ಮೂರು ರೆಕ್ಕೆಗಳ ಮೇಲೆ ‘ಪ್ರಭುಲಿಂಗಪ್ಪ’, ‘ಆಲಬಾಳ’, ‘ಸಾವಳಗಿ’ ಎಂದು ಕೆಂಪು ಬಣ್ಣದಲ್ಲಿ ಬರೆದಿದೆ. ತಿರುಗುವಾಗ ಓದಲು ಬರುವುದಿಲ್ಲವೆಂದು, ಎಂಥ ಬೇಸಿಗೆಯಲ್ಲೂ ಸಭೆ ಆರಂಭವಾಗುವ ಮೊದಲು ಸ್ವಲ್ಪ ಹೊತ್ತು ಪಂಖಾ ನಿಲ್ಲಿಸಿಡಿಸುತ್ತಾರೆ.

ಬೇಡದಿರುವ ವ್ರತ ಇದಕ್ಕಿಂತ ಕಠಿಣವಾದದ್ದು. ಮದುವೆಯ ಊಟದಲ್ಲಿ ಎರಡನೆಯ ಸಲ ಹೋಳಿಗೆ ಬೇಕಾದರೆ ಅವರು ಕೇಳುವುದಿಲ್ಲ. ಬಡಿಸುವವನು ಹತ್ತಿರ ಬಂದಾಗ ಎಲೆಯ ಮೇಲಿನ ಖಾಲಿ ಜಾಗವನ್ನು ದುಃಖದಿಂದ ನೋಡುತ್ತಾರೆ. ಏಣಿ ಬೇಕಾದಾಗ, ಕಾಲೇಜು ಮೇಷ್ಟರಾದ ನನ್ನ ಮನೆಗೆ ಬಂದು, “ನಿಮ್ಮ ಏಣಿ ಸುಮ್ನ ಬಿದ್ದ ತುಕ್ಕ ಹಿಡದೀತ್ರಿ ಸರ, ಒಂದೆರಡ ದಿನ ನಾ ಬಳಸತೇನಿ” ಎಂದು ನಮಗೆ ಉಪಕಾರ ಮಾಡಿ ಒಯ್ಯುತ್ತಾರೆ.

ಇಂಥವರು 2020ರ ಕಾರ್ತಿಕದಲ್ಲಿ ಒಂದು ನೆಲ್ಲಿ ಟೊಂಗೆಗಾಗಿ ಪಾಳಿಯಲ್ಲಿ ನಿಲ್ಲಬೇಕಾಯಿತು.

ತುಳಸಿ ಲಗ್ನಕ್ಕೆ ನಮ್ಮಲ್ಲಿ ಮುಖ್ಯವಾಗಿ ಬೇಕಾದವು ಎರಡು. ಕಟ್ಟೆಯ ಸುತ್ತ ಮಂಟಪಕ್ಕೆ ಕಬ್ಬು. ತುಳಸಿಯ ಪಕ್ಕದಲ್ಲಿ ವರನಾಗಿ ನಿಲ್ಲಿಸಲು ಕಾಯಿ ಇರುವ ನೆಲ್ಲಿ ಟೊಂಗೆ. ಕಬ್ಬನ್ನು ಪ್ರಭುಲಿಂಗಪ್ಪನವರು ಪ್ರತಿವರ್ಷ ಸಾವಳಗಿಯಿಂದ ತರಿಸಿ, ಗೇಟಿನ ಮುಂದೆ ರಾಶಿ ಹಾಕಿಸಿ, ಇಡೀ ಓಣಿಗೆ ಹಂಚುತ್ತಿದ್ದರು. ನೆಲ್ಲಿಯ ವಿಷಯ ಬೇರೆ. ಓಣಿಗೆಲ್ಲ ಇದ್ದದ್ದು ಒಂದೇ ನೆಲ್ಲಿ ಗಿಡ, ಅದು ತಾರವ್ವನ ಹಿಟ್ಟಿನ ಗಿರಣಿಯ ಮುಂದಿತ್ತು. ಅವರ ಕಾಂಪೌಂಡಿನಿಂದ ನೋಡಿದರೆ ರಸ್ತೆಯ ಆಚೆಗೆ. ಗಿರಣಿಗಿಂತ ಹಳೆಯ ಗಿಡ. ಎಲೆಯ ಮೇಲೆ, ಕಾಯಿಯ ಮೇಲೆ ವರ್ಷವಿಡೀ ಹಿಟ್ಟು ಕೂತು ಮುಪ್ಪಿನವರ ಹುಬ್ಬಿನಂತೆ ಕಾಣುತ್ತಿತ್ತು. ತಾರವ್ವ ಬೀರೇಶ್ವರನ ಒಕ್ಕಲು; ಗಂಡ ತೀರಿದ ಮೇಲೆ ಗಿರಣಿಯನ್ನು ಒಬ್ಬಳೇ ನಡೆಸಿದವಳು. ಗಿರಣಿಯ ಸದ್ದಿನ ಮೇಲೆ ಮಾತಾಡಿ ಅಭ್ಯಾಸವಾದದ್ದರಿಂದ ಅವಳಿಗೆ ಗುಟ್ಟು ಹೇಳಲು ಬರುವುದಿಲ್ಲ.

ಆ ವರ್ಷ ಟೊಂಗೆ ತರಲು ಶಿವವ್ವನವರು ಗಂಡನನ್ನೇ ಕಳಿಸಿದರು. “ಲಿಂಗ ಕಟ್ಟಿದ ಮನ್ಯಾಗ ತುಳಸಿಗೇನ ಲಗ್ನ?” ಎಂದು ಅವರು ತಪ್ಪಿಸಿಕೊಳ್ಳಲು ನೋಡಿದರು. “ಓಣ್ಯಾಗ ಎಲ್ಲಾರೂ ಮಾಡತಾರ. ಹೋಗಿ ಬರ್ರಿ, ಕಾಲ ಸವಿಯೂದಿಲ್ಲ” ಎಂದು ಉತ್ತರ ಬಂತು. ಗಿರಣಿಯ ಮುಂದೆ ತಾಟು ಹಿಡಿದ ಹೆಣ್ಣುಮಕ್ಕಳು ನಿಂತಿದ್ದರು. ಪ್ರಭುಲಿಂಗಪ್ಪನವರು ನೇರವಾಗಿ ಗಿಡದ ಕೆಳಗೆ ಹೋಗಿ, ಏನನ್ನೂ ಕೇಳದೆ, ಎಲೆಯ ಖಾಲಿ ಜಾಗವನ್ನು ನೋಡುವಂತೆ ಗಿಡವನ್ನು ನೋಡುತ್ತ ನಿಂತರು.

ತಾರವ್ವ ಅಂದಳು: “ಸಾವುಕಾರ್ರ, ಊರಿಗೆಲ್ಲಾ ಕಬ್ಬ ಕೊಡಾವ್ರು ನೀವು. ಅಷ್ಟ ಹೊಲದಾಗ ಒಂದ ನೆಲ್ಲಿ ಗಿಡಕ್ಕ ಜಾಗಾ ಇಲ್ಲೇನ್ರಿ? ಇರ್ಲಿ, ಪಾಳಿಗಿ ನಿಂದರ್ರಿ. ರುಕ್ಮವ್ವನ ಹಿಂದ.”

ಹೆಣ್ಣುಮಕ್ಕಳು ನಕ್ಕರು. ಪ್ರಭುಲಿಂಗಪ್ಪನವರು ಎದುರು ಮನೆಯ ರುಕ್ಮವ್ವನ ಹಿಂದೆ ನಿಂತರು, ಟೊಂಗೆ ಇಸಿದುಕೊಂಡರು, ಮನೆಗೆ ಬಂದರು. ಅಂದೇ ಮಾಳಿಗೆಯ ಮೇಲಿದ್ದ ನನಗೆ ಕೇಳುವಂತೆ ಹೆಂಡತಿಗೆ ಹೇಳಿದರು: “ನೋಡ್ಕೊಂತ ಇರ. ಒಂದಿಲ್ಲ ಒಂದ ವರ್ಷ ಇಡೀ ಓಣಿ ನನ್ನ ಅಂಗಳದಾಗ ನೆಲ್ಲಿಗಿ ಪಾಳಿ ಹಚ್ಚಬೇಕ. ಆ ತಾರವ್ವ ಎಲ್ಲಾರಕಿಂತ ಹಿಂದ ನಿಂದರಬೇಕ.” ಅನೇಕರು ಅರವತ್ತರ ನಂತರ ಕಾಶಿಗೆ ಹೋಗುವ ಸಂಕಲ್ಪ ಮಾಡುತ್ತಾರೆ. ಇವರದು ಇದು.

ಮರುವರ್ಷ ಮುಂಗಾರಿನಲ್ಲಿ ಮುಧೋಳ ರಸ್ತೆಯ ನರ್ಸರಿಗೆ ಹೋದರು. ನರ್ಸರಿಯ ಚಿದಾನಂದ ಕಸಿ ಮಾಡಿದ ಸಸಿಗಳನ್ನು ತೋರಿಸಿ, “ಯಜಮಾನ್ರ, ಕೃಷ್ಣಾ ಒಂದ ಒಯ್ರಿ, ಕಾಂಚನ ಒಂದ ಒಯ್ರಿ. ನೆಲ್ಲಿಗಿ ಎರಡ ತಳಿ ಜೋಡಿ ಇರಬೇಕು” ಎಂದ.

“ಎರಡ ತಳಿ?” ಪ್ರಭುಲಿಂಗಪ್ಪನವರಿಗೆ ಇದು ಅವಮಾನದಂತೆ ಕೇಳಿಸಿತು. ಕಬ್ಬಿನಲ್ಲಿ ಒಂದು ಹೊಲಕ್ಕೆ ಒಂದೇ ತಳಿ. ಎರಡು ಬೆರೆಸಿದರೆ ಒಂದು ಮಾಗಿದಾಗ ಇನ್ನೊಂದು ಎಳೆಯದು, ಕಾರ್ಖಾನೆಯವರು ನಗುತ್ತಾರೆ. “ನಲವತ್ತ ವರ್ಷ ಒಕ್ಕಲುತನ ಮಾಡೇನಿ ತಮ್ಮಾ. ಕಲಬೆರಕಿ ನಮ್ಮಲ್ಲಿ ನಡಿಯೂದಿಲ್ಲ. ಮೂರೂ ಕೃಷ್ಣಾನ ಹಾಕ.” ಚಿದಾನಂದ ವ್ಯಾಪಾರಸ್ಥ. ಮೂರೂ ಕೃಷ್ಣಾನೇ ಹಾಕಿದ.

ನೆಡುವುದೂ ಕಬ್ಬಿನ ರೀತಿಯಲ್ಲೇ ಆಯಿತು. ಹಿತ್ತಲಿನಲ್ಲಿ ದಾರ ಹಿಡಿದು ಸಾಲು ಹೊಡೆಸಿದರು. ದೊಡ್ಡವಾದರೆ ಒಂದಕ್ಕೊಂದು ಇಪ್ಪತ್ತು ಅಡಿ ದೂರ ಬೇಕಾದ ಗಿಡಗಳನ್ನು, ಮೂವರು ಒಂದೇ ಹಾಸಿಗೆಯಲ್ಲಿ ಮಲಗಿದಂತೆ ಒತ್ತಾಗಿ ಹಚ್ಚಿದರು. ಬುಡಕ್ಕೆ ಯೂರಿಯಾ ಕೊಟ್ಟರು. ಅನಂತರ ಬೋರಿನ ಪೈಪು ಬಿಟ್ಟು, ಸಾಲು ತುಂಬಿ ತುಳುಕುವವರೆಗೆ ನೀರು ಹಾಯಿಸಿದರು. ಗಿಡ ಒಣಗಿದರೆ ನೀರು; ಹಳದಿಯಾದರೆ ನೀರು; ಹುಳ ಬಿದ್ದರೆ ಹುಳ ಮುಳುಗುವಷ್ಟು ನೀರು. ನೀರಿನಿಂದ ವಾಸಿಯಾಗದ ರೋಗ ಸಸ್ಯಲೋಕದಲ್ಲಿ ಇಲ್ಲವೆಂದು ಅವರ ಮತ.

ನಮ್ಮದು ಎರೆಮಣ್ಣು, ಒಮ್ಮೆ ನೀರು ಹಿಡಿದರೆ ಸಾಲ ಕೊಟ್ಟವನಂತೆ ಬಿಡುವುದಿಲ್ಲ. ಬೇರು ಕೊಳೆತು ಮೊದಲ ವರ್ಷ ಒಂದು ಗಿಡ ಸತ್ತಿತು, ಎರಡನೆಯ ವರ್ಷ ಇನ್ನೊಂದು. ಮೂರನೆಯದು ಗೋಡೆಯ ಪಕ್ಕದ ದಿಬ್ಬದಲ್ಲಿದ್ದುದರಿಂದಲೂ, ಶಿವವ್ವನವರು ಗಂಡ ಹರಟೆಯ ಕಟ್ಟೆಗೆ ಹೋದಾಗಲೆಲ್ಲ ವಾಲ್ ತಿರುಗಿಸಿ ಬರುತ್ತಿದ್ದುದರಿಂದಲೂ ಉಳಿಯಿತು. ಕೆಸರು ತುಳಿದು ಸಾಕಾಗಿ ಶಿವವ್ವನವರು ಉಳಿದ ಹಿತ್ತಲಿಗೆಲ್ಲ ಫರಸಿ ಕಲ್ಲು ಹಾಸಿಸಿಬಿಟ್ಟರು. ಒಂದು ಬದಿಗೆ ನೀರಿನ ಸಂಪು, ಇನ್ನೊಂದು ಬದಿಗೆ ಪಾಯಖಾನೆಯ ಗುಂಡಿ, ನಡುವೆ ಒಂದು ನೆಲ್ಲಿ ಗಿಡ.

ಬೇಸಿಗೆಯ ಮೊದಲು ನೆಲ್ಲಿ ಎಲೆ ಉದುರಿಸಿ ಸುಮ್ಮನೆ ನಿಲ್ಲುತ್ತದೆ. ಅದಕ್ಕೆ ಆಗ ವಿಶ್ರಾಂತಿ ಬೇಕು. ಬೋಳು ಟೊಂಗೆ ಕಂಡೊಡನೆ ಪ್ರಭುಲಿಂಗಪ್ಪನವರು ಪೈಪು ಹಿಡಿದು ಓಡುತ್ತಿದ್ದರು. ಹೂವಿನ ಮೊಗ್ಗು ಬರಬೇಕಾದಲ್ಲಿ ಬರೀ ಎಲೆ ಚಿಗುರುತ್ತಿತ್ತು. ಹೀಗಿರಲು 2023ರ ಮಳೆ ಕೈಕೊಟ್ಟಿತು. 2024ರ ಬೇಸಿಗೆಯಲ್ಲಿ ಅವರ ಬೋರು ಬತ್ತಿತು. ಮನೆಗೇ ಟ್ಯಾಂಕರಿನ ನೀರು; ಗಿಡಕ್ಕೆ ತೊಟ್ಟೂ ಇಲ್ಲ. ನೆಲ್ಲಿಗೆ ಜನ್ಮದಲ್ಲಿ ಮೊದಲ ಸಲ ನೆಮ್ಮದಿ ಸಿಕ್ಕಿತು. ಅದು ಹೂ ಬಿಟ್ಟಿತು. ಮಳೆಗಾಲದ ನಂತರ ಟೊಂಗೆಗಳಿಗೆ ಕಾಯಿ ಕಚ್ಚಿದವು.

“ಮೂರ ವರ್ಷ ಹಗಲ ರಾತ್ರಿ ಜ್ವಾಪಾನ ಮಾಡೇನಿ,” ಎಂದು ಅವರು ಹಾದುಹೋಗುವವರನ್ನೆಲ್ಲ ಒಳಗೆ ಕರೆದು ತೋರಿಸಿದರು. “ನೀರಿನ ಲೆಕ್ಕ ಗೊತ್ತಿರಬೇಕ್ರಿ. ನೆಲ್ಲಿ ಅಂದ್ರ ಸಾದಾ ಅಲ್ಲ.” ಟ್ಯಾಂಕರಿನ ವಿಷಯವನ್ನು ಯಾರೂ ನೆನಪಿಸಲಿಲ್ಲ.

ಆ ಕಾರ್ತಿಕದಲ್ಲಿ ಅವರ ಹಿತ್ತಲಿನಲ್ಲಿ ಪಾಳಿ ಹತ್ತಿತು ನಿಜ. ಆದರೆ ಅರ್ಧ ಓಣಿಯಷ್ಟೇ. ಉಳಿದರ್ಧ ಹಳೆಯ ಅಭ್ಯಾಸದಂತೆ ಗಿರಣಿಗೇ ಹೋಯಿತು. ಹಿಟ್ಟಿನ ಡಬ್ಬಿ ಇಟ್ಟ ಕಡೆಯೇ ಟೊಂಗೆಯೂ ಸಿಕ್ಕರೆ ರಸ್ತೆ ದಾಟುವುದೇಕೆ? ಕಬ್ಬಿನ ಮಂಟಪ ಸಾವುಕಾರರದು, ವರ ತಾರವ್ವನವನು ಎಂಬ ಹಳೆಯ ಮಾತು ಅರ್ಧ ಓಣಿಯಲ್ಲಿ ಹಾಗೇ ಉಳಿಯಿತು. ಅರ್ಧ ಗೆದ್ದವನ ಸಂಕಟ ಪೂರ್ತಿ ಸೋತವನಿಗಿಂತ ದೊಡ್ಡದು. ಚಳಿಗಾಲದುದ್ದಕ್ಕೂ ಪ್ರಭುಲಿಂಗಪ್ಪನವರು ಕಾಂಪೌಂಡಿನ ಬಳಿ ನಿಂತು ಆಚೆಯ ಗಿಡವನ್ನು ನೋಡಿದರು. ಕ್ರಮೇಣ ಅವರಲ್ಲಿ ಸಾರ್ವಜನಿಕ ಹಿತದ ಚಿಂತೆ ಹುಟ್ಟಿತು. ಆ ಗಿಡದ ಒಂದು ಟೊಂಗೆ ಕರೆಂಟಿನ ತಂತಿಯ ಸಮೀಪಕ್ಕೆ ಹೋಗಿತ್ತು.

ಜನವರಿಯಲ್ಲಿ ತಾರವ್ವ ಮಗಳ ಬಾಣಂತನಕ್ಕೆಂದು ಗಲಗಲಿಗೆ ಹೋದಳು. ಗಿರಣಿ ಮುಚ್ಚಿತ್ತು. ಪ್ರಭುಲಿಂಗಪ್ಪನವರು ಸ್ವಂತ ಖರ್ಚಿನಲ್ಲಿ ಗರಗಸದ ಮಷೀನಿನವನನ್ನು ಕರೆಸಿ ತಂತಿಯ ಸಮೀಪದ ಟೊಂಗೆ ಕಡಿಸಿದರು. ಸಮೀಪವೆಂದರೆ ಎಷ್ಟು ಎಂಬುದಕ್ಕೆ ಮಿತಿ ಸಿಗಲಿಲ್ಲವಾಗಿ, ಕಡಿಯುತ್ತ ಕಡಿಯುತ್ತ ಬುಡಕ್ಕೆ ಬಂದರು. ಬೇರು ಗಟಾರಕ್ಕೆ ಅಡ್ಡವಾದೀತೆಂದು ಜೆಸಿಬಿ ತರಿಸಿ ಅದನ್ನೂ ಕೀಳಿಸಿದರು. ಸಂಜೆ ನಾನು ಕಾಲೇಜಿನಿಂದ ಬರುವಷ್ಟರಲ್ಲಿ ಗಿರಣಿಯ ಮುಂದೆ ಹೊಸ ಮಣ್ಣು ಸಪಾಟಾಗಿತ್ತು, ಅದರ ಮೇಲೆ ಯಾರದೋ ಮೋಟರ್ ಸೈಕಲ್ ನಿಂತಿತ್ತು.

ತಾರವ್ವ ಮರಳಿ ಬಂದವಳು ಸಾಮಾನಿನ ಚೀಲ ಇಳಿಸದೆ ಅವರ ಗೇಟಿಗೆ ಬಂದಳು. “ಸಾವುಕಾರ್ರ, ಗಿಡ ಎಲ್ಲೈತ್ರಿ?”

“ತಂತಿಗಿ ಹತ್ತಿತ್ತ. ಜನರ ಜೀವದ ಪ್ರಶ್ನೆ ನೋಡ ತಾರವ್ವಾ. ನೀ ಊರಾಗ ಇರಲಿಲ್ಲ, ನಾನ ಮುಂದ ನಿಂತ ಮಾಡಿಸಿದ್ಯಾ.”

“ಜನರ ಜೀವ ಉಳಸಿದ್ರಿ, ಛಲೋ ಆತು. ನೆರಳ ಎಲ್ಲಿ ಇಟ್ಟೀರಿ? ಕೊಡ್ರಿ, ಒಯ್ತೇನಿ.”

ಅವರು ಗೇಟು ಹಾಕಿಕೊಂಡು ಒಳಗೆ ಹೋದರು. ಮರುವಾರ ಗಿರಣಿಯ ಮುಂದೆ ತಗಡಿನ ಚಪ್ಪರ ಬಂತು. ತಾರವ್ವ ಬೇರೆ ಯಾವ ರಗಳೆಯನ್ನೂ ಮಾಡಲಿಲ್ಲ; ಅವರ ಮನೆಯ ಹಿಟ್ಟು ಮಾತ್ರ ಅಂದಿನಿಂದ ಸ್ವಲ್ಪ ದಪ್ಪಗೆ ಬರತೊಡಗಿತೆಂದು ಶಿವವ್ವನವರು ಹೇಳಿದರು.

2025ರ ಬೇಸಿಗೆಯಲ್ಲೂ ಬೋರು ಬತ್ತಿಯೇ ಇದ್ದುದರಿಂದ ನೆಲ್ಲಿ ಮತ್ತೆ ಹೂ ಬಿಟ್ಟಿತು, ಹೋದ ವರ್ಷಕ್ಕಿಂತ ಹೆಚ್ಚಾಗಿ. ಪ್ರಭುಲಿಂಗಪ್ಪನವರ ಆನಂದಕ್ಕೆ ಪಾರವಿರಲಿಲ್ಲ. ಗಣಪತಿ ಕೂಡ್ರಿಸಿದಾಗ ಮೈಕಿನಲ್ಲಿ ಘೋಷಿಸಿದರು: ಈ ವರ್ಷದಿಂದ ಇಡೀ ಓಣಿಯ ತುಳಸಿ ಲಗ್ನಕ್ಕೆ ಕಬ್ಬೂ ನೆಲ್ಲಿಯೂ ಆಲಬಾಳ ಮನೆತನದ ವತಿಯಿಂದ. ಚಪ್ಪಾಳೆಯೂ ಬಿತ್ತು. ಮಳೆಗಾಲ ಮುಗಿಯಿತು, ದಸರಾ ಹೋಯಿತು, ದೀಪಾವಳಿ ಬಂತು. ಗಿಡದಲ್ಲಿ ಎಲೆಗಳಿದ್ದವು. ಕಾಯಿ ಒಂದೂ ಇರಲಿಲ್ಲ. ಯಾರಾದರೂ ಕೇಳಿದರೆ, “ಎಲಿ ಹಿಂದ ಅದಾವ. ದೃಷ್ಟಿ ಆಗಬಾರದಂತ ನಾನ ತೋರಸೂದಿಲ್ಲ” ಎನ್ನುತ್ತಿದ್ದರು.

ಇನ್ನು ಆ ಭಾನುವಾರ. ಊಟದ ನಂತರ ಓಣಿ ಅಡ್ಡಾದ ಹೊತ್ತು. ಒಣಹಾಕಿದ್ದ ಶೇಂಗಾ ತಿರುವಲು ನಾನು ಮಾಳಿಗೆ ಹತ್ತಿದ್ದೆ. ಕೆಳಗೆ ಅವರ ಹಿತ್ತಲಿನಲ್ಲಿ ಪ್ರಭುಲಿಂಗಪ್ಪನವರು ನಮ್ಮದೇ ಏಣಿಯ ಮೇಲೆ ನಿಂತಿದ್ದರು. ಏಣಿಯ ಬುಡದಲ್ಲಿ ಒಂದು ಬುಟ್ಟಿ ನೆಲ್ಲಿಕಾಯಿ; ಜಮಖಂಡಿಯಲ್ಲಿ ಕೊಂಡರೆ ಯಾರಾದರೂ ಕಂಡಾರೆಂದು ಮುಧೋಳದ ಬಜಾರಿನಿಂದ ತಂದದ್ದು. ಒಂದೊಂದೂ ಲಿಂಬೆಹಣ್ಣಿನ ಗಾತ್ರ. ಹೆಗಲ ಮೇಲೆ ಹಸಿರು ನೂಲಿನ ಉಂಡೆ. ಶಿವವ್ವನವರ ತವರು ಬನಹಟ್ಟಿ, ಮಗ್ಗದ ಮನೆ, ಅಲ್ಲಿಂದ ಬಂದ ನೂಲು. ಸಾವುಕಾರರು ಒಂದೊಂದೇ ಕಾಯಿಯ ತಲೆಗೆ ಸೂಜಿಯಿಂದ ನೂಲು ಪೋಣಿಸಿ, ಟೊಂಗೆಗೆ ಕಟ್ಟುತ್ತಿದ್ದರು.

ಶಿವವ್ವನವರು ಹಿತ್ತಲ ಬಾಗಿಲಲ್ಲಿ ನಿಂತು ನೋಡುತ್ತಿದ್ದರು. “ಏನ್ರಿ, ನೆಲ್ಲಿಕಾಯಿ ಎಂದಾರ ಕಟ್ಟಿ ಬೆಳಸ್ಯಾರೇನು? ಈ ವರ್ಷ ಕಾಯಿ ಹಿಡದಿಲ್ಲ ಅಂತ ಹೇಳಿದ್ರ ನಾಲಿಗಿ ಉದುರತೈತೇನು?”

“ನೀ ಸುಮ್ನಿರ. ಗಣಪತಿ ಮುಂದ ಮಾತ ಕೊಟ್ಟೇನಿ.”

“ಮಾತ ಕೊಟ್ಟವರು ನೀವು. ಕಾಯಿ ಕೊಡೂದು ಗಿಡ. ಅದನ್ನ ಒಂದ ಮಾತ ಕೇಳಿದ್ರೇನು?”

“ಗಿಡಾನ ಯಾವಾವ ಕೇಳತಾನ? ಆ ಉಂಡಿ ಇತ್ತ ಹಿಡಿ.”

“ಹಿಡಿಯೂದಿಲ್ಲ,” ಎಂದು ಅವರು ಒಳಗೆ ಹೋದರು. ಪ್ರಭುಲಿಂಗಪ್ಪನವರು ತಲೆಯೆತ್ತಿದಾಗ ನಾನು ಕಂಡೆ. “ಹಕ್ಕಿ ಕಾಟ ಬಾಳ ಆಗೇತ್ರಿ ಸರ. ಕಾಯಿಗೆ ಭದ್ರ ಮಾಡಾಕತ್ತೇನಿ” ಎಂದರು. ಛಲೋ ಆತ್ರಿ ಎಂದು ನಾನು ಶೇಂಗಾ ತಿರುವಿದೆ.

ಸಂಜೆ ಐದಕ್ಕೆ ಪಾಳಿ ಹತ್ತಿತು. ಇಡೀ ಓಣಿ ಬಂದಿತ್ತು. ಬೇರೆ ನೆಲ್ಲಿ ಎಲ್ಲಿಯೂ ಇರಲಿಲ್ಲವಲ್ಲ. ಕಬ್ಬು ಇಸಿದುಕೊಂಡ ಹೆಣ್ಣುಮಕ್ಕಳು ತಾಟು ಹಿಡಿದು ಹಿತ್ತಲಿಗೆ ಬಂದು ನಿಂತರು. ಪ್ರಭುಲಿಂಗಪ್ಪನವರು ಹೊಸ ಧೋತರ ಉಟ್ಟು, ಕುಡಗೋಲು ಹಿಡಿದು ಸ್ಟೂಲಿನ ಮೇಲೆ ನಿಂತಿದ್ದರು. ಎಲ್ಲರಿಗಿಂತ ಕೊನೆಗೆ ತಾರವ್ವ ಬಂದಳು, ಸೆರಗಿನ ಮೇಲೆ ಹಿಟ್ಟು ಹಾಗೇ ಇತ್ತು. ಐದು ವರ್ಷ ಕಾದ ಗಳಿಗೆ. ಅವರ ಮುಖದ ಮೇಲೆ ಪಂಖಾದ ಮೇಲಿನ ಅಕ್ಷರಗಳಂಥ ಕೆಂಪು ಹರಡಿತು.

“ತಾರವ್ವಾ, ಪಾಳಿಗಿ ನಿಂದರ. ರುಕ್ಮವ್ವನ ಹಿಂದ.”

“ನಿಂತೇನ್ರಿ,” ಎಂದು ತಾರವ್ವ ನಿಂತಳು.

ಮೊದಲ ಟೊಂಗೆ ಕಡಿಯಲು ಅವರು ಕುಡಗೋಲು ಎತ್ತಿದರು. ಆಗ ಗಾಳಿ ಬೀಸಿತು. ಎಲೆಗಳು ಒಂದು ಕಡೆ ವಾಲಿದವು. ಕಾಯಿಗಳು ಎಲೆಗಳ ಜೊತೆ ಹೋಗದೆ, ತಮ್ಮ ತಮ್ಮ ನೂಲಿನಲ್ಲಿ ಅತ್ತಿತ್ತ ತೂಗಾಡಿ ಒಂದಕ್ಕೊಂದು ಬಡಿದುಕೊಂಡವು. ಒಂದು ಕಾಯಿ ಕಳಚಿ, ನೂಲಿನ ಸಮೇತ ರುಕ್ಮವ್ವನ ತಾಟಿಗೆ ಬಂದು ಬಿತ್ತು. ಹಿಂದಿನಿಂದ ತಾರವ್ವ ಕೈ ಚಾಚಿ ನೂಲಿನ ತುದಿ ಹಿಡಿದು ಎತ್ತಿದಳು. ಕಾಯಿ ಗರಗರ ತಿರುಗಿತು.

“ಸಾವುಕಾರ್ರ, ನಾನೂ ಹುಟ್ಟಿದಾಗಿಂದ ನೆಲ್ಲಿ ನೋಡೇನಿ. ನೆಲ್ಲಿಕಾಯಿ ಅಂದ್ರ ಕೂಸ ಅವ್ವನ ಕಚ್ಚಿಕೊಂಡಂಗ ಟೊಂಗಿಗಿ ಕಚ್ಚಿಕೊಂಡಿರತೈತಿ. ಇವು ಜೋಕಾಲಿ ಆಡಾಕತ್ತಾವಲ್ರಿ!”

“ಅದು… ಬೀಳಾಕತ್ತಿದ್ವು. ಬೀಳಬಾರದಂತ ಕಟ್ಟೇನಿ.”

“ಎಲ್ಲಾ?”

“ಎಲ್ಲಾನೂ ಬೀಳಾಕತ್ತಿದ್ವು.”

ರುಕ್ಮವ್ವ ನೂಲನ್ನು ತನ್ನ ಸೀರೆಗೆ ಹಿಡಿದು ನೋಡಿದಳು. “ಯವ್ವಾ, ಇದು ಬನಹಟ್ಟಿ ಸೀರಿ ನೂಲಲ್ಲೇನಬೇ? ನನ್ನ ಅಂಚಿನ ಬಣ್ಣನ ಐತಿ!”

“ಹೌದ ಬಿಡವಾ,” ಎಂದಳು ತಾರವ್ವ. “ವರಗ ಸೀರಿ ಉಡಿಸ್ಯಾರ ಸಾವುಕಾರ್ರು.”

ನಗೆ ಹಿತ್ತಲು ತುಂಬಿ ರಸ್ತೆಗೆ ಹೋಯಿತು. ತಾರವ್ವ ನಗಲಿಲ್ಲ. ಕಾಯಿಯನ್ನು ತಾಟಿನಲ್ಲಿ ಮೆಲ್ಲಗೆ ಇಟ್ಟು ಅಂದಳು: “ಬಿದ್ದದ್ದನ್ನ ಕಟ್ಟತೀರಿ. ನಿಂತದ್ದನ್ನ ಕಡಸತೀರಿ. ನಿಮ್ಮ ಒಕ್ಕಲುತನ ನಮಗ ತಿಳಿಯೂದಿಲ್ರಿ.”

ಪ್ರಭುಲಿಂಗಪ್ಪನವರು ಸ್ಟೂಲಿನಿಂದ ಇಳಿದರು. ಪಂಪು ಚಾಲೂ ಇರಬಹುದು, ನೋಡಿ ಬರುತ್ತೇನೆ ಎಂದು ಒಳಗೆ ಹೋದರು, ಮತ್ತೆ ಬರಲಿಲ್ಲ. ಪಂಪಿನ ಸದ್ದೂ ಬರಲಿಲ್ಲ. ಕುಡಗೋಲನ್ನು ಶಿವವ್ವನವರು ಎತ್ತಿಕೊಂಡರು. “ತಗೋರೆವಾ. ಟೊಂಗಿ ನಮ್ದು, ಕಾಯಿ ಮುಧೋಳದ್ದು, ನೂಲು ನನ್ನ ತವರಮನಿದು. ಎಲ್ಲಾ ಊರ ಕೂಡಿ ಲಗ್ನ ಮಾಡೂಣು. ಹೊತ್ತ ಹೋಗತೈತಿ.” ಎಲ್ಲರೂ ಟೊಂಗೆ ತೆಗೆದುಕೊಂಡರು. ತಾರವ್ವನೂ ತೆಗೆದುಕೊಂಡಳು, ಮೊದಲು ನೂಲನ್ನು ಬಿಚ್ಚಿ ಶಿವವ್ವನವರ ಕೈಗೆ ಕೊಟ್ಟಳು; ಉಳಿದವರೂ ಹಾಗೇ ಮಾಡಿದರು. ಆ ಸಂಜೆ ಓಣಿಯ ಎಲ್ಲ ತುಳಸಿಗಳಿಗೂ ಕಾಯಿಯನ್ನು ಬುಡದಲ್ಲಿಟ್ಟುಕೊಂಡ ವರನೇ ಸಿಕ್ಕ.

ಮರುದಿನ ಪ್ರಭುಲಿಂಗಪ್ಪನವರು ಖೋಟಾ ಸಸಿ ಕೊಟ್ಟನೆಂದು ಚಿದಾನಂದನನ್ನು ವಿಚಾರಿಸಿಕೊಳ್ಳಲು ನರ್ಸರಿಗೆ ಹೊರಟರು. ಸಾಕ್ಷಿಗೆ ಇರಲೆಂದು ನನ್ನನ್ನೂ ಕರೆದೊಯ್ದರು. ಅಂದರೆ, “ನಿಮಗೂ ಹವಾ ಬದಲ ಆಗತೈತಿ ಬರ್ರಿ” ಎಂದರು.

“ಹೋದ ವರ್ಷ ಕಾಯಿ ಹಿಡದಿತ್ತಲ್ರಿ?” ಚಿದಾನಂದ ಕೇಳಿದ.

“ಹಿಡದಿತ್ತ.”

“ಈ ವರ್ಷ ಹೂ?”

“ಗಿಡ ಕಾಣದಂಗ ಬಿಟ್ಟಿತ್ತ.”

“ಹಂಗಂದ್ರ ಸಸಿ ಖೋಟಾ ಅಲ್ರಿ ಯಜಮಾನ್ರ. ನೆಲ್ಲಿ ತನ್ನ ಹೂವಿಗೆ ತಾನ ಕಾಯಿ ಹಿಡಿಯೂದು ಕಡಿಮಿ. ಬಾಜೂಕ ಬ್ಯಾರೆ ತಳಿ ಇರಬೇಕು, ಜೇನ ಅಲ್ಲಿ ಕೂತ ಇಲ್ಲಿ ಬರಬೇಕು. ಹೋದ ವರ್ಷ ನಿಮ್ಮ ಓಣ್ಯಾಗ ಇನ್ನೊಂದ ಗಿಡ ಇತ್ತೇನ್ರಿ?”

ಪ್ರಭುಲಿಂಗಪ್ಪನವರು ಪಕ್ಕದಲ್ಲಿದ್ದ ಗುಲಾಬಿ ಗಿಡದ ಬೆಲೆ ಕೇಳಿದರು. ಬರುವಾಗ ದಾರಿಯಲ್ಲಿ, ಯಾರೂ ಏನೂ ಕೇಳದಿದ್ದರೂ, “ತಂತಿಗಿ ಹತ್ತಿತ್ತದು” ಎಂದರು. ಕೈಯಲ್ಲಿ ಗುಲಾಬಿ ಇರಲಿಲ್ಲ, ಕಾಂಚನ ತಳಿಯ ನೆಲ್ಲಿ ಸಸಿ ಇತ್ತು. ಅದರ ಬೆಲೆಯನ್ನು ಚಿದಾನಂದ ಆ ಸಂಭಾಷಣೆಯ ನಡುವೆಯೇ ಏರಿಸಿದ್ದ.

ಸಸಿ ಬಂತು, ಜಾಗವಿಲ್ಲ. ಫರಸಿ ಕೀಳಿಸಿದರೆ ಒಂದು ಕಡೆ ಸಂಪು, ಇನ್ನೊಂದು ಕಡೆ ಗುಂಡಿ. ಮನೆಯ ಮುಂದೆ ಕಾರು. ಜೇನು ಹಾರುವ ದೂರದಲ್ಲಿ, ನೆಲ್ಲಿ ಬೇರು ಬಿಡುವಷ್ಟು ಮಣ್ಣು ಇದ್ದ ಸ್ಥಳ ಇಡೀ ಓಣಿಯಲ್ಲಿ ಒಂದೇ. ಅದನ್ನು ಅವರೇ ಜೆಸಿಬಿಯಿಂದ ಹದ ಮಾಡಿಸಿಟ್ಟಿದ್ದರು. ಸಸಿ ಎರಡು ದಿನ ವರಾಂಡದಲ್ಲಿ ಇತ್ತು. ಸಾವುಕಾರರು ಅದರ ಸುತ್ತ ತಿರುಗಿದರು. ಬುಧವಾರ ಶಿವವ್ವನವರು ಅವರ ಕೈಗೆ ಜೋಳದ ಡಬ್ಬಿ ಕೊಟ್ಟರು. “ಮನ್ಯಾಗ ಹಿಟ್ಟೇನೋ ಐತಿ. ಆದ್ರೂ ಒಯ್ರಿ. ಖಾಲಿ ಕೈಲೆ ನಿಂತ್ರ ಚಂದ ಕಾಣೂದಿಲ್ಲ.”

ಗಿರಣಿಯಲ್ಲಿ ತಾರವ್ವ ನನ್ನ ಗೋಧಿ ಬೀಸುತ್ತಿದ್ದಳು. ಪ್ರಭುಲಿಂಗಪ್ಪನವರು ಬಂದು, ನಾಲ್ವರ ಹಿಂದೆ ಡಬ್ಬಿ ಇಟ್ಟು, ಪಾಳಿ ಕಾಯದೆ ಕೂಗಿದರು: “ತಾರವ್ವಾ, ನಿನಗೊಂದ ಸಸಿ ಕೊಡತೇನಿ!”

“ಏನಂದ್ರಿ?” ತಾರವ್ವ ಹಿಟ್ಟಿನ ಕೈಯನ್ನು ಕಿವಿಗೆ ಹಿಡಿದಳು. ಗಿರಣಿಯನ್ನು ನಿಲ್ಲಿಸಲಿಲ್ಲ.

“ಸಸಿ! ನೆಲ್ಲಿ ಸಸಿ! ದಾನ ಕೊಡತೇನಿ!”

“ದಾನ ತಗೊಳ್ಳಾಕ ನಮ್ದೇನ ಮಠ ಐತೇನ್ರಿ? ಬ್ಯಾಡ್ರಿ!”

“ನಿನ್ನ ಗಿರಣಿ ಮುಂದ ಹಚ್ಚತೇನಿ! ನೆರಳ ಆಗತೈತಿ!”

“ತಗಡ ಹಾಕಿಸೇನ್ರಿ!”

ಅವರು ಧೋತರದ ಚುಂಗಿನಿಂದ ಮುಖ ಒರೆಸಿಕೊಂಡರು. “ನಮ್ಮ ಗಿಡಕ್ಕ ಜೋಡಿ ಬೇಕಾಗೇತಿ!”

“ಗಿಡ ಕೇಳಾಕತ್ತೈತೋ, ನೀವ ಕೇಳಾಕತ್ತೀರೋ?”

ಬೀಸುಕಲ್ಲು ತಿರುಗುತ್ತಲೇ ಇತ್ತು. ಪ್ರಭುಲಿಂಗಪ್ಪನವರು ನನ್ನ ಕಡೆ ನೋಡಿದರು, ಹೊರಗಿನ ಮಣ್ಣನ್ನು ನೋಡಿದರು. ಖಾಲಿ ಎಲೆಯನ್ನು ನೋಡುವ ಆ ನೋಟ ಇಲ್ಲಿ ಕೆಲಸ ಮಾಡಲಿಲ್ಲ. ಕೊನೆಗೆ ಎದೆ ತುಂಬ ಉಸಿರೆಳೆದುಕೊಂಡು ಒದರಿದರು: “ನಾನ ಕೇಳಾಕತ್ತೇನ್ರಿ ಅಕ್ಕಾರ! ಜಾಗಾ ಬೇಡಾಕ ಬಂದೇನಿ!”

ತಾರವ್ವ ಸ್ವಿಚ್ಚು ಇಳಿಸಿದ್ದು ಆ ವಾಕ್ಯದ ನಡುವೆ. ‘ಅಕ್ಕಾರ’ ಎಂಬಲ್ಲಿಗೆ ಗಿರಣಿ ನಿಂತಿತ್ತು. ಉಳಿದದ್ದು ನಿಶ್ಶಬ್ದದಲ್ಲಿ ಹೊರಬಿದ್ದು ಓಣಿಯ ತುದಿಯವರೆಗೆ ಹೋಯಿತು. ಎದುರು ಮನೆಯಲ್ಲಿ ರುಕ್ಮವ್ವ ಕಿಟಕಿ ತೆರೆದಳು.

“ಇಷ್ಟ ಜೋರ ಯಾಕ ಒದರತೀರಿ ಸಾವುಕಾರ್ರ?” ತಾರವ್ವ ತಣ್ಣಗೆ ಕೇಳಿದಳು. “ನನಗೇನ ಕಿವುಡ ಐತೇನು? ಹಚ್ಚರಿ. ಆದ್ರ ನಿಮ್ಮ ಪೈಪ ರಸ್ತಾ ದಾಟಬಾರದು. ನೀರ ನಾ ಹಾಕತೇನಿ. ಕಾಯಿ ಬಂದ ಮ್ಯಾಲ ಟೊಂಗಿ ನಾ ಕೊಡತೇನಿ. ಡಬ್ಬಿ ಅಲ್ಲೇ ಇರ್ಲಿ, ಪಾಳಿ ಬಂದಾಗ ಬೀಸತೇನಿ.”

“ಆತ್ರಿ,” ಎಂದರು ಪ್ರಭುಲಿಂಗಪ್ಪನವರು. ಮನೆಗೆ ಹೋಗಿಬರಬಹುದಿತ್ತು, ಹೋಗಲಿಲ್ಲ. ತಗಡಿನ ಕೆಳಗೆ ಡಬ್ಬಿಯ ಪಕ್ಕದಲ್ಲೇ ನಿಂತರು.

ಶುಕ್ರವಾರ ಸಸಿ ನೆಟ್ಟಾಯಿತು. ಕುಣಿಯ ಮಣ್ಣಿಗೆ ತಿಪ್ಪೆಗೊಬ್ಬರ ಬೆರೆಸಿ, ಕಸಿಯ ಗಂಟು ನೆಲದ ಮೇಲೆ ಉಳಿಯುವಂತೆ ಇಟ್ಟು, ತಾರವ್ವ ಒಂದು ತಂಬಿಗೆ ನೀರು ಹಾಕಿದಳು. ಇನ್ನೊಂದು ತಂಬಿಗೆಗೆ ಸಾವುಕಾರರ ಕೈ ತಾನಾಗಿ ಮುಂದೆ ಹೋಯಿತು, ಅವಳು ನೋಡಿದಳು, ಕೈ ಹಿಂದೆ ಬಂತು. ದನ ತಿನ್ನಬಾರದೆಂದು ಅವರು ಮಾಡಿಸಿ ತಂದ ಕಬ್ಬಿಣದ ಪಂಜರದ ನಾಲ್ಕೂ ಬದಿಗೆ ಅವರ ಹೆಸರಿತ್ತು. ಸಂಜೆಯೊಳಗೆ ತಾರವ್ವ ತೊಳೆದ ಹಿಟ್ಟಿನ ಚೀಲಗಳನ್ನು ಅದರ ನಾಲ್ಕೂ ಬದಿಗೆ ಒಣಹಾಕಿದ್ದಳು. ಎರಡು ಸಲ ಬಂದು ನೋಡಿ ಸಾವುಕಾರರು ಮನೆಗೆ ಹೋದರು. ರಾಮ ಲೆಕ್ಕ ಕೃಷ್ಣ ಲೆಕ್ಕ ಆಗಬಾರದೆಂದು ಖರ್ಚನ್ನು ಮಾತ್ರ ನನ್ನಿಂದ ಬರೆಸಿದರು.

ಕಾಂಚನ ನೆಲ್ಲಿ ಕಸಿ ಸಸಿ, ಒಂದು: 180 ರೂಪಾಯಿ.
ತಿಪ್ಪೆಗೊಬ್ಬರ, ಎರಡು ಬುಟ್ಟಿ: 100 ರೂಪಾಯಿ.
ಕುಣಿ ತೋಡಿದ ಕೂಲಿ: 300 ರೂಪಾಯಿ.
ಕಬ್ಬಿಣದ ಪಂಜರ: 1,400 ರೂಪಾಯಿ.
ಅದರ ಮೇಲೆ ಹೆಸರು ಬರೆಸಿದ್ದು: 250 ರೂಪಾಯಿ.
ಜೋಳ ಬೀಸಿದ್ದು, ಐದು ಕಿಲೋ: 30 ರೂಪಾಯಿ.
ಒಟ್ಟು: 2,260 ರೂಪಾಯಿ.